ಭೀಮಸೇನರ ದನಿ, ನೆನಪಿನ ಪ್ರಶ್ನೆ

ತೀರಿಹೋದ ಗಾಯಕರ ದನಿ ಧ್ವನಿಮುದ್ರಿಕೆಯಲ್ಲೋ ಚಿತ್ರದಲ್ಲೋ ಮತ್ತೆ ಕಿವಿಗೆ ಬಿದ್ದಾಗ ಕೇಳುಗರಲ್ಲಿ ಹುಟ್ಟುವುದು ನೆನಪೇ? ನ್ಯಾಯದರ್ಶನ ಅದನ್ನು ಒಪ್ಪುವುದಿಲ್ಲ. ಅನ್ನಂಭಟ್ಟರ ‘ತರ್ಕಸಂಗ್ರಹ’ದ ಪ್ರಕಾರ ಸ್ಮೃತಿಯೆಂದರೆ ಸಂಸ್ಕಾರವೊಂದರಿಂದಲೇ, ಅಂದರೆ ಹಿಂದಿನ ಅನುಭವ ಒಳಗೆ ಬಿಟ್ಟ ಅಚ್ಚಿನಿಂದಲೇ, ಹುಟ್ಟುವ ಅರಿವು. ಎದುರಿಗೆ ಬಂದದ್ದನ್ನು ‘ಇದು ಅದೇ’ ಎಂದು ಗುರುತಿಸುವುದು ಪ್ರತ್ಯಭಿಜ್ಞೆ. ಅದಕ್ಕೆ ಸಂಸ್ಕಾರದ ಜೊತೆಗೆ ಇಂದ್ರಿಯವೂ ಕೆಲಸ ಮಾಡಬೇಕು.

ರೋಣದಲ್ಲಿ 1922ರಲ್ಲಿ ಹುಟ್ಟಿದ ಗಾಯಕ ಭೀಮಸೇನ ಜೋಶಿಯವರು ನೆಲೆಸಿದ್ದೂ, 2011ರ ಜನವರಿ 24ರಂದು ಕೊನೆಯುಸಿರೆಳೆದದ್ದೂ ಪುಣೆಯಲ್ಲಿ. ಅವರ ಬಗ್ಗೆ ಗುಲ್ಜಾರ್ ಸಾಕ್ಷ್ಯಚಿತ್ರ ಮಾಡಿದ್ದಾರೆ. ಪುಣೆಯ ರಮಣಬಾಗ್ ಶಾಲೆಯ ಮೈದಾನದ ಕಚೇರಿಗಳಲ್ಲಿ ಅವರನ್ನು ಕೇಳಿದವರು ಈ ಚಿತ್ರ ನೋಡಿದಾಗ ಆಗುವುದು ಪ್ರತ್ಯಭಿಜ್ಞೆ. ಅದೇ ಮೈದಾನದ ಪಕ್ಕ ಹಾದುಹೋಗುವಾಗ, ಹೊರಗೆ ರಿಕ್ಷಾಗಳ ಸದ್ದಷ್ಟೇ ಇದ್ದರೂ ಒಳಗೆ ಅವರ ಷಡ್ಜ ಎದ್ದರೆ ಅದು ಅಪ್ಪಟ ಸ್ಮೃತಿ. ಸ್ಥಳ ಇಲ್ಲಿ ಉದ್ಬೋಧಕ, ಮಲಗಿದ್ದ ಸಂಸ್ಕಾರವನ್ನು ಎಬ್ಬಿಸುವ ಕಾರಣ. ಗೌತಮರ ನ್ಯಾಯಸೂತ್ರ ಇಂಥ 27 ಕಾರಣಗಳನ್ನು ಹೆಸರಿಸುತ್ತದೆ. ಅಭ್ಯಾಸ, ಸಾದೃಶ್ಯ, ಸುಖ, ಭಯಗಳ ಸಾಲಿನಲ್ಲಿ ವಿಯೋಗವೂ ಇದೆ. ಅಗಲಿಕೆಯೇ ನೆನಪನ್ನು ಎಬ್ಬಿಸುತ್ತದೆಂದು ತರ್ಕದ ಗ್ರಂಥವೊಂದು ಎಣಿಸಿ ಬರೆದಿಟ್ಟಿರುವುದು ದೊಡ್ಡ ಮಾತು.

ಫ್ರಾನ್ಸಿನ ಆಂರಿ ಬರ್ಗ್‌ಸನ್ 1896ರ ‘ದ್ರವ್ಯ ಮತ್ತು ಸ್ಮೃತಿ’ಯಲ್ಲಿ ಬೇರೊಂದು ಗೆರೆ ಎಳೆದರು. ಪಾಠ ಬಾಯಿಪಾಠವಾಗಿರುವುದು ಒಂದು ಬಗೆ, ಅದನ್ನು ಓದಿದ ಒಂದು ದಿನ ನೆನಪಾಗುವುದು ಇನ್ನೊಂದು. ಕುಂದಗೋಳದಲ್ಲಿ ಗುರು ಸವಾಯಿ ಗಂಧರ್ವರು ತಿದ್ದಿ ತಿದ್ದಿ ಕಲಿಸಿದ ತೋಡಿ ರಾಗ ಮೊದಲನೆಯದರಂತೆ ಭೀಮಸೇನರ ಕಂಠದಲ್ಲೇ ಉಳಿಯಿತು.

ಮುದ್ರಿಕೆಗೆ ಇನ್ನೂ ಒಂದು ಶಕ್ತಿಯಿದೆ. ಬಾಲಕ ಭೀಮಸೇನ ಅಂಗಡಿಯೊಂದರಲ್ಲಿ ಕೇಳಿದ್ದು ಅಬ್ದುಲ್ ಕರೀಂ ಖಾನರ ಝಿಂಝೋಟಿ ಠುಮ್ರಿಯ ಗ್ರಾಮಫೋನ್ ತಟ್ಟೆ, ಮೂರು ನಿಮಿಷದ ಆಸುಪಾಸಿನ ಹಾಡು. ನೆನಪಿಸಿಕೊಳ್ಳಲು, ಗುರುತಿಸಲು ಆ ಹುಡುಗನ ಬಳಿ ಹಿಂದಿನದೇನೂ ಇರಲಿಲ್ಲ. ಅವನಿಗೆ ಆದದ್ದು ಹೊಸ ಅನುಭವ. ಅದು ಬಿಟ್ಟ ಸಂಸ್ಕಾರವೇ 1933ರಲ್ಲಿ, ಹನ್ನೊಂದರ ವಯಸ್ಸಿಗೆ, ಮನೆ ಬಿಡಿಸಿ ಗುರುವನ್ನು ಹುಡುಕಲು ಹಚ್ಚಿತು.

ಸವಾಯಿ ಗಂಧರ್ವರು 1952ರಲ್ಲಿ ತೀರಿಕೊಂಡರು. ಮರುವರ್ಷ ಭೀಮಸೇನರು ಪುಣೆಯಲ್ಲಿ ಗುರುವಿನ ಹೆಸರಿನ ಉತ್ಸವ ಆರಂಭಿಸಿದರು. ಉತ್ಸವವನ್ನು ಸವಾಯಿ ಗಂಧರ್ವರ ಭೈರವಿ ಠುಮ್ರಿಯ ಮುದ್ರಿಕೆಯಿಂದ ಮುಗಿಸುವುದು ಅಲ್ಲಿನ ಸಂಪ್ರದಾಯ. ಅವರನ್ನು ಎದುರು ಕೂತು ಕೇಳಿದವರು ಈಗ ತೀರ ವಿರಳ. ಪೆಂಡಾಲಿನಲ್ಲಿ ಸೇರಿದ ಜನ ಗುರುತಿಸುವುದು ಆ ತಟ್ಟೆಯನ್ನೇ.