ಎಲ್ಲಿಯೂ ತಂಗದ ಮನಸ್ಸು

ಜಪಾನಿಗೆ ಪ್ರವಾಸ ಹೋದವರು ಕ್ಯೋಟೋದಲ್ಲೋ ಟೋಕಿಯೋದಲ್ಲೋ ಒಂದೆರಡು ಗಂಟೆಯ ಮಟ್ಟಿಗೆ ಸಮುರಾಯ್ ಕತ್ತಿವರಸೆಯ ಪಾಠಕ್ಕೆ ಸೇರಿಕೊಳ್ಳಬಹುದು. ಹಕಾಮಾ ಎಂಬ ಅಗಲ ನೆರಿಗೆಯ ಉಡುಪು ತೊಡಿಸುತ್ತಾರೆ, ಬಾಗಿ ವಂದಿಸುವ ಕ್ರಮ ತೋರಿಸುತ್ತಾರೆ, ಮರದ ಕತ್ತಿಯನ್ನೋ ಹರಿತವಿಲ್ಲದ ಲೋಹದ ಕತ್ತಿಯನ್ನೋ ಕೈಗೆ ಕೊಡುತ್ತಾರೆ. ಕೆಲವು ಕಡೆ ಕೊನೆಗೆ ನಿಜವಾದ ಕತ್ತಿಯನ್ನೇ ಕೊಟ್ಟು, ನೀರಲ್ಲಿ ನೆನೆಸಿ ಸುರುಳಿ ಸುತ್ತಿದ ಚಾಪೆಯನ್ನು ಕಡಿಯಲು ಬಿಡುತ್ತಾರೆ. ಬೆಂಗಳೂರಿನ ಜಯನಗರ, ಬಿಟಿಎಂ ಲೇಔಟ್ ಕಡೆ ಕರಾಟೆ, ಕಳರಿಪಯಟ್ಟು ಕಲಿಸುವವರು ನಡೆಸುವ ಟ್ರಯಲ್ ಕ್ಲಾಸಿಗೂ ಇದಕ್ಕೂ ಉದ್ದೇಶದಲ್ಲಿ ಹೆಚ್ಚು ವ್ಯತ್ಯಾಸವಿಲ್ಲ: ಬಂದವರಿಗೆ ವಿದ್ಯೆಯ ರುಚಿ ಹತ್ತಿಸಬೇಕು. ಅಷ್ಟು ಹೊತ್ತಿನಲ್ಲಿ ಕತ್ತಿವರಸೆ ಯಾರಿಗೂ ಒಲಿಯುವುದಿಲ್ಲ, ಆ ಮಾತಿನಲ್ಲಿ ತಕರಾರಿಲ್ಲ. ಆದರೆ ಆ ವಿದ್ಯೆಯ ಬೆನ್ನಿಗಿರುವ ಒಂದು ತತ್ತ್ವವನ್ನು ಮೈಯಿಂದಲೇ ತಿಳಿಯುವುದಕ್ಕೆ ಈ ಮೊದಲ ಪಾಠದಷ್ಟು ತಕ್ಕ ಜಾಗ ಇನ್ನೊಂದಿಲ್ಲ ಎಂದು ನನ್ನ ವಾದ. ಆ ತತ್ತ್ವ ಮನಸ್ಸಿನ ಯಾವ ತೊಡಕಿನ ಬಗ್ಗೆ ಮಾತಾಡುತ್ತದೋ ಆ ತೊಡಕು ಹುಟ್ಟುವುದೇ ಆ ಒಂದು ಗಂಟೆಯಲ್ಲಿ.

ತತ್ತ್ವವನ್ನು ಬರೆದಿಟ್ಟವನು ತಕುವಾನ್ ಸೋಹೋ (1573–1645) ಎಂಬ ಝೆನ್ ಸನ್ಯಾಸಿ. ಜಪಾನನ್ನು ಆಳುತ್ತಿದ್ದ ಶೋಗುನ್ ತೊಕುಗಾವಾ ಇಯೆಮಿತ್ಸುವಿಗೆ ಕತ್ತಿವರಸೆಯ ಗುರುವಾಗಿದ್ದ ಯಾಗ್ಯೂ ಮುನೆನೊರಿಗೆ ಅವನು ಬರೆದುಕೊಟ್ಟ ಉಪದೇಶ ಇಂದಿಗೂ ಓದಿನಲ್ಲಿದೆ. ಮನಸ್ಸು ಎಲ್ಲಾದರೂ ತಂಗಿಬಿಟ್ಟರೆ ಅದೇ ರೋಗ ಎಂಬುದು ಅದರ ತಿರುಳು. ಎದುರಾಳಿಯ ಕತ್ತಿಯ ಮೇಲೆ ತಂಗಿದ ಮನಸ್ಸು ಆ ಕತ್ತಿಗೆ ಸೆರೆಯಾಗುತ್ತದೆ. ತನ್ನ ಕತ್ತಿಯ ಮೇಲೆ, ಏಟು ಹಾಕಬೇಕಾದ ಗಳಿಗೆಯ ಮೇಲೆ, ಸೋಲಬಾರದೆಂಬ ಯೋಚನೆಯ ಮೇಲೆ ತಂಗಿದರೂ ಅದೇ ಗತಿ. ಹಾಗಾದರೆ ಮನಸ್ಸನ್ನು ಎಲ್ಲಿಡಬೇಕು? ಹೊಕ್ಕುಳ ಕೆಳಗೆ ಒತ್ತಿಹಿಡಿದು ಇಡಬೇಕೆಂಬ ಉಪಾಯವನ್ನು ತಕುವಾನ್ ಎತ್ತಿಕೊಂಡು, ಅದನ್ನೂ ಕೆಳದರ್ಜೆಯ ಸಾಧನೆಯೆಂದು ಬದಿಗಿಡುತ್ತಾನೆ. ಎಲ್ಲಿಯೂ ಇಡದಿದ್ದರೆ ಮನಸ್ಸು ಮೈಯೆಲ್ಲ ಹರಡಿರುತ್ತದೆ. ಕೈ ಬೇಕಾದಾಗ ಕೈಗೆ, ಕಾಲು ಬೇಕಾದಾಗ ಕಾಲಿಗೆ ಒದಗುತ್ತದೆ. ಇದನ್ನು ಅವನು ಅಚಲ ಪ್ರಜ್ಞೆ ಎನ್ನುತ್ತಾನೆ. ಬಂಡೆಯ ಹಾಗೆ ಕದಲದೆ ಕೂರುವ ಸ್ಥಿತಿಗೆ ಅವನು ಈ ಹೆಸರು ಕೊಟ್ಟಿಲ್ಲ. ಎಲ್ಲ ದಿಕ್ಕಿಗೂ ಸರಿದಾಡುತ್ತ ಯಾವುದಕ್ಕೂ ಸಿಕ್ಕಿಬೀಳದ ಮನಸ್ಸೇ ಅವನ ಪಾಲಿಗೆ ಅಚಲ. ಇದಕ್ಕೆ ಅವನು ಕೊಡುವ ನಿದರ್ಶನ ಸಾವಿರ ಕೈಗಳ ಕಾನ್ನನ್ ಮೂರ್ತಿ. ಒಂದು ಕೈಯಲ್ಲಿ ಬಿಲ್ಲಿದೆ. ಮನಸ್ಸು ಆ ಕೈಯಲ್ಲೇ ನಿಂತರೆ ಉಳಿದ 999 ಕೈಗಳೂ ನಿರುಪಯೋಗಿ. ಕ್ಯೋಟೋದ ಸಂಜೂಸಾನ್‌ಗೆನ್‌ದೋ ದೇವಾಲಯದಲ್ಲಿ ಸಾಲಾಗಿರುವ 1001 ಕಾನ್ನನ್ ಮೂರ್ತಿಗಳನ್ನು ನೋಡಿಬರುವ ಕನ್ನಡಿಗರು ಆ ದೇವತೆ ನಮಗೆ ಅಪರಿಚಿತನಲ್ಲ ಎಂಬುದನ್ನು ನೆನೆಯಬೇಕು. ಕಾನ್ನನ್ ಎಂದರೆ ಅವಲೋಕಿತೇಶ್ವರ. ಮಂಗಳೂರಿನ ಕದ್ರಿಯಲ್ಲಿ ಆಳುಪ ದೊರೆ ಕುಂದವರ್ಮ ಕ್ರಿ.ಶ. 968ರಲ್ಲಿ ಪ್ರತಿಷ್ಠಾಪಿಸಿದ ಲೋಕೇಶ್ವರನೂ ಅವನೇ.

ಈಗ ಮೊದಲ ಪಾಠಕ್ಕೆ ಬರೋಣ. ತಕುವಾನ್ ಹೇಳುವ ಒಂದು ಮಾತು ತುಂಬ ಸೂಕ್ಷ್ಮವಾದದ್ದು. ಏನೂ ಕಲಿಯದವನ ಕೈಗೆ ಕತ್ತಿ ಕೊಟ್ಟು ಎದುರಿನಿಂದ ಹೊಡೆದರೆ ಅವನು ಹೇಗೋ ಒಂದು ಬಗೆಯಲ್ಲಿ ತಡೆಯುತ್ತಾನೆ. ಅವನ ಮನಸ್ಸಿಗೆ ತಂಗುವ ಜಾಗವೇ ಇಲ್ಲ. ಕಲಿಯಲು ಶುರುಮಾಡಿದ ಕೂಡಲೇ ನೂರು ಜಾಗ ಹುಟ್ಟಿಕೊಳ್ಳುತ್ತವೆ, ಅವನು ಮೊದಲಿಗಿಂತ ಮಂದನಾಗುತ್ತಾನೆ. ಎಡಗೈ ಹಿಡಿಕೆಯ ತುದಿಯಲ್ಲಿರಬೇಕು, ಬಲಗೈ ಕೈಗಾವಲಿನ ಹತ್ತಿರ, ನಡುವೆ ತೆರಪು, ಬಿಗಿ ಬರಬೇಕಾದದ್ದು ಕಿರುಬೆರಳು ಉಂಗುರಬೆರಳುಗಳಿಂದ, ಹೆಬ್ಬೆರಳು ತೋರುಬೆರಳು ಸಡಿಲವಾಗಿರಬೇಕು, ಹೆಗಲು ಏರಬಾರದು. ಒರೆಯಿಂದ ಕತ್ತಿ ಎಳೆಯುವ ಮುಂಚೆ ಎಡಗೈ ಹೆಬ್ಬೆರಳಿನಿಂದ ಅದನ್ನು ತುಸು ಮುಂದಕ್ಕೆ ತಳ್ಳಬೇಕು. ಒಂದೊಂದು ಸೂಚನೆಯೂ ಮನಸ್ಸಿಗೆ ಒಂದೊಂದು ಗೂಟ. ಬೆರಳನ್ನು ಸರಿಪಡಿಸಿಕೊಳ್ಳುವಾಗ ಪಾದ ತಪ್ಪುತ್ತದೆ, ಪಾದ ನೋಡಿಕೊಂಡರೆ ಹೆಗಲು ಏರುತ್ತದೆ. ಕೊನೆಗೆ ಬರುವ ಚಾಪೆಯ ಸುರುಳಿ ಎಲ್ಲವನ್ನೂ ಬಯಲು ಮಾಡುತ್ತದೆ. ಕತ್ತಿಯ ಬಾಯಿ ತಿರುಗಿರುವ ದಿಕ್ಕಿಗೂ ಬೀಸಿನ ದಿಕ್ಕಿಗೂ ಸ್ವಲ್ಪ ಓರೆಯಾದರೂ ಅಲಗು ಅರ್ಧದಲ್ಲೇ ಕಚ್ಚಿಕೊಳ್ಳುತ್ತದೆ, ಎಷ್ಟು ಬಲ ಹಾಕಿದರೂ ಅಷ್ಟೇ. ‘ಚೆನ್ನಾಗಿ ಕಡಿಯಬೇಕು’ ಎಂದು ಗಟ್ಟಿಯಾಗಿ ಅಂದುಕೊಂಡವರು ಕಡಿಯುವ ಮುಂಚೆಯೇ ತೋಳು ಸೆಟೆಸಿರುತ್ತಾರೆ, ಸೆಟೆದ ತೋಳು ಅಲಗನ್ನು ತಿರುಚುತ್ತದೆ. ಮನಸ್ಸು ಎಲ್ಲಿ ತಂಗಿತು ಎಂಬ ಪ್ರಶ್ನೆಗೆ ಕಣ್ಣಿಗೆ ಕಾಣುವ ಉತ್ತರ ಸಿಗುವುದು ಬಹಳ ಅಪರೂಪ. ಇಲ್ಲಿ ಅದು ಸಿಗುತ್ತದೆ.

ದಕ್ಷಿಣ ಬೆಂಗಳೂರಿನ ಎಷ್ಟೋ ಮನೆಗಳಲ್ಲಿ ಇದೇ ಪಾಠ ಬೇರೊಂದು ರೂಪದಲ್ಲಿ ನಡೆಯುತ್ತಿರುತ್ತದೆ. ಸಂಗೀತಕ್ಕೆ ಸೇರಿದ ಮಗು ಮಾಯಾಮಾಳವಗೌಳದಲ್ಲಿ ಸರಳಿ ವರಸೆ ಹಾಡುತ್ತದೆ, ಜೊತೆಗೆ ಕೈಯಲ್ಲಿ ಆದಿತಾಳ. ಬೆರಳೆಣಿಕೆಯ ಮೇಲೆ ಮನಸ್ಸು ನಿಂತರೆ ಸ್ವರ ಜಾರುತ್ತದೆ. ಸ್ವರ ಹಿಡಿಯಹೋದರೆ ತಾಳ ನಿಂತುಹೋಗುತ್ತದೆ. ಎರಡನೆಯ ಕಾಲಕ್ಕೆ ಬಂದಾಗ ಎರಡೂ. ಅಲ್ಲಿಯವರೆಗೆ ಸಿನಿಮಾ ಹಾಡನ್ನು ತಾಳ ತಪ್ಪದೆ ಗುನುಗುತ್ತಿದ್ದ ಮಗು ಪಾಠ ಶುರುವಾದ ಮೇಲೆ ತಡವರಿಸುವುದನ್ನು ಕಂಡು ತಂದೆತಾಯಿ ಗಾಬರಿಯಾಗುತ್ತಾರೆ. ಗಾಬರಿಗೆ ಕಾರಣವಿಲ್ಲ. ವರ್ಷಗಳ ಅಭ್ಯಾಸದ ನಂತರ ತಾಳದ ಕೈ ತನ್ನಷ್ಟಕ್ಕೆ ನಡೆಯತೊಡಗಿದಾಗ ಮಗು ಹಿಂದಿನ ಸರಾಗಕ್ಕೆ ಮರಳಿದಂತೆ ಕಾಣುತ್ತದೆ, ಆದರೆ ಈ ಸರಾಗ ಬೇರೆ ಜಾತಿಯದು. ತಕುವಾನ್ ಕೂಡ ಇದಕ್ಕೆ ಸಂಗೀತದ ಸ್ಥಾಯಿಗಳನ್ನೇ ಹೋಲಿಸುತ್ತಾನೆ: ಏರುತ್ತ ಹೋದಂತೆ ತೀರ ಕೆಳಗಿನದೂ ತೀರ ಮೇಲಿನದೂ ಪಕ್ಕಪಕ್ಕಕ್ಕೆ ಬರುತ್ತವೆ. ಹೊಸಬನೂ ಸಿದ್ಧನೂ ಒಂದೇ ಬಗೆಯಲ್ಲಿ ಕಾಣಬಹುದು. ಆದರೆ ನೂರು ಗೂಟಗಳನ್ನು ಹಾದುಬಂದವನು ಒಬ್ಬನೇ.

ಇಲ್ಲಿ ಒಂದು ಆಕ್ಷೇಪ ಏಳುತ್ತದೆ, ಅದು ಹಗುರವಾದದ್ದಲ್ಲ. ಅಭ್ಯಾಸ ಗಟ್ಟಿಯಾಗಬೇಕಾದರೆ ಅದು ದೀರ್ಘಕಾಲದ್ದಾಗಿರಬೇಕು, ನಡುವೆ ಕಡಿಯಬಾರದು, ಶ್ರದ್ಧೆ ಕೂಡಿರಬೇಕು ಎಂದು ಪತಂಜಲಿ ಹೇಳಿಬಿಟ್ಟಿದ್ದಾನೆ. ಒಂದೆರಡು ಗಂಟೆ ಹಕಾಮಾ ತೊಟ್ಟು ಫೋಟೋ ತೆಗೆಸಿಕೊಂಡು ಬರುವುದರಲ್ಲಿ ಈ ಮೂರರಲ್ಲಿ ಯಾವುದಿದೆ? ಮೈಸೂರಿನ ಗೋಕುಲಂಗೆ ಯೋಗ ಕಲಿಯಲು ಬರುವ ವಿದೇಶೀಯರ ಬಗ್ಗೆಯೂ ಇದೇ ಮಾತು ಕೇಳಿಬರುತ್ತದೆ. ಪಟ್ಟಾಭಿ ಜೋಯಿಸರ ಪಾಠಕ್ಕೆ ವರ್ಷ ವರ್ಷವೂ ಮರಳಿ ಬಂದವರಿದ್ದಾರೆ, ಒಂದು ವಾರ ಇದ್ದು ಹೋದವರೂ ಇದ್ದಾರೆ. ಆಕ್ಷೇಪದ ಮುಕ್ಕಾಲು ಭಾಗವನ್ನು ಒಪ್ಪುತ್ತೇನೆ. ಮೊದಲ ಪಾಠದಿಂದ ಮನಸ್ಸು ಪಳಗುವುದಿಲ್ಲ, ಪಳಗಿತೆಂದು ಹೇಳಿ ದುಡ್ಡು ಕೇಳುವವರನ್ನು ನಂಬಬಾರದು. ಆದರೆ ತಿಳಿಯುವುದು ಬೇರೆ, ಪಳಗುವುದು ಬೇರೆ. ಎಲ್ಲಿಯೂ ತಂಗದ ಮನಸ್ಸಿನ ಬಗ್ಗೆ ನೂರು ಪುಟ ಓದಿದರೂ ಓದುಗನಿಗೆ ತನ್ನ ಮನಸ್ಸು ತಂಗುತ್ತಿರುವುದು ಕಾಣದೆ ಇರಬಹುದು. ಕೈಯಲ್ಲಿ ಸುಮಾರು ಒಂದು ಕಿಲೋ ತೂಕದ ಉದ್ದನೆಯ ಕತ್ತಿ ಇದ್ದಾಗ ಅದು ಕಾಣದೆ ಹೋಗುವುದು ಕಷ್ಟ. ರೋಗದ ಗುರುತು ಹಿಡಿಯುವುದು ಚಿಕಿತ್ಸೆಯಾಗದು, ನಿಜ. ಗುರುತು ಹಿಡಿಯದೆ ಚಿಕಿತ್ಸೆ ಶುರುವಾಗುವುದೂ ಇಲ್ಲ.

ಯುದ್ಧಕ್ಕೆಂದು ಹುಟ್ಟಿದ ವಿದ್ಯೆಯನ್ನು ಹೀಗೆ ಮನಸ್ಸಿನ ಪಾಠವಾಗಿ ಓದುವುದು ಇಂದಿನವರ ಕಲ್ಪನೆ ಎಂದು ಕೆಲವರು ಅನ್ನಬಹುದು. ಇತಿಹಾಸ ಹಾಗೆ ಹೇಳುವುದಿಲ್ಲ. ಒಸಾಕಾ ಕೋಟೆ ಬಿದ್ದು ತೊಕುಗಾವಾ ಆಳ್ವಿಕೆ ಭದ್ರವಾದದ್ದು 1615ರಲ್ಲಿ. ಮುನೆನೊರಿಯ ಗ್ರಂಥ 1632ರದು, ಮಿಯಾಮೊತೊ ಮುಸಾಶಿಯ ಪ್ರಸಿದ್ಧ ಗ್ರಂಥ 1645ರದು. ಕತ್ತಿಯ ತತ್ತ್ವ ಬರಹಕ್ಕಿಳಿದದ್ದು ದೊಡ್ಡ ಯುದ್ಧಗಳು ಮುಗಿಯುತ್ತ ಬಂದ ಕಾಲದಲ್ಲಿ. 1876ರಲ್ಲಿ ಸಮುರಾಯ್‌ಗಳು ಬೀದಿಯಲ್ಲಿ ಕತ್ತಿ ಧರಿಸುವುದನ್ನೇ ಸರ್ಕಾರ ನಿಷೇಧಿಸಿದ ಮೇಲೂ ವಿದ್ಯೆ ಉಳಿಯಿತು. ಯುದ್ಧ ನಡೆಯುತ್ತಿರುವ ಕಾಲ ಇಂಥ ಯೋಚನೆಗೆ ಬಿಡುವು ಕೊಡುವುದಿಲ್ಲ. ಬಿಟಿಎಂ ಲೇಔಟ್‌ನಿಂದ ಹೆಚ್ಚು ದೂರವಿಲ್ಲದ ಬೇಗೂರಿನಲ್ಲಿ ಸುಮಾರು ಕ್ರಿ.ಶ. 890ರ ಶಾಸನವೊಂದು ಬೆಂಗಳೂರ ಕಾಳಗವನ್ನು ಹೆಸರಿಸುತ್ತದೆ. ಸತ್ತವರ ಸ್ಮರಣೆ ಅದರಲ್ಲಿದೆ, ಕತ್ತಿ ಹಿಡಿದವರ ಮನಸ್ಸಿನ ಮಾತು ಅಲ್ಲಿ ಬರುವುದಿಲ್ಲ.

ಎಲ್ಲಕ್ಕಿಂತ ಗಂಭೀರವಾದ ಆಕ್ಷೇಪ ನೀತಿಯದು. ಎಲ್ಲಿಯೂ ತಂಗದ ಮನಸ್ಸು ಕೊಲ್ಲುವಾಗಲೂ ತಂಗುವುದಿಲ್ಲವಲ್ಲ? ಅನೇಕರನ್ನು ಉಳಿಸಲು ಒಬ್ಬ ದುಷ್ಟನನ್ನು ಕೊಲ್ಲುವ ಕತ್ತಿ ಜೀವ ಕೊಡುವ ಕತ್ತಿ ಎಂದು ಮುನೆನೊರಿ ಬರೆದ. ಆದರೆ ದುಷ್ಟ ಯಾರೆಂದು ತೀರ್ಮಾನಿಸುವವರು ಯಾರು ಎಂಬ ಪ್ರಶ್ನೆ ಹಾಗೇ ಉಳಿಯುತ್ತದೆ. 20ನೆಯ ಶತಮಾನದ ಮೊದಲರ್ಧದಲ್ಲಿ ಜಪಾನಿನ ಕೆಲವು ಝೆನ್ ಗುರುಗಳು ಇದೇ ಮಾತುಗಳನ್ನು ಸೈನ್ಯದ ಸೇವೆಗೆ ಒಪ್ಪಿಸಿದ್ದನ್ನು ಬ್ರಯಾನ್ ವಿಕ್ಟೋರಿಯಾ 1997ರಲ್ಲಿ ದಾಖಲೆಗಳ ಸಹಿತ ಬರೆದಿದ್ದಾರೆ. ಆದ್ದರಿಂದ ಈ ತತ್ತ್ವವನ್ನು ಕಲಿಸುವವರು ಅದು ತಾನಾಗಿಯೇ ಮನುಷ್ಯನನ್ನು ಒಳ್ಳೆಯವನನ್ನಾಗಿ ಮಾಡುತ್ತದೆಂದು ಹೇಳಕೂಡದು. ಅದು ಕೌಶಲದ ತತ್ತ್ವ; ಯಾವುದಕ್ಕಾಗಿ ಕೌಶಲ ಎಂಬುದಕ್ಕೆ ಬೇರೆ ವಿವೇಕ ಬೇಕು.

ಆದರೂ ಎತ್ತಿದ ಕೈಯನ್ನು ತಡೆಯಬಲ್ಲವನ ಮನಸ್ಸು ಎಂಥದು ಎಂದು ಕೇಳಿಕೊಂಡರೆ ನಮ್ಮ ನೆಲದ ಒಂದು ಕಥೆ ಈ ತತ್ತ್ವಕ್ಕೆ ಇನ್ನಷ್ಟು ಆಳ ಕೊಡುತ್ತದೆ. ಪಂಪ ಆದಿಪುರಾಣದಲ್ಲಿ ಹೇಳಿದ, ಚಾವುಂಡರಾಯ ಶ್ರವಣಬೆಳಗೊಳದಲ್ಲಿ ಕಲ್ಲಾಗಿ ನಿಲ್ಲಿಸಿದ ಬಾಹುಬಲಿಯ ಕಥೆ ಅದು. ಮಲ್ಲಯುದ್ಧದಲ್ಲಿ ಅಣ್ಣ ಭರತನನ್ನು ಮೇಲೆತ್ತಿದ ಬಾಹುಬಲಿ ನೆಲಕ್ಕೆ ಅಪ್ಪಳಿಸಲಿಲ್ಲ. ಅಲ್ಲಿ ನಿಂತದ್ದು ಕೈ. ಗೆಲುವು ಕೈಗೆ ಬಂದ ಆ ಗಳಿಗೆಯಲ್ಲಿ ಮನಸ್ಸು ಗೆಲುವಿನ ಮೇಲೆ ತಂಗದೆ ಅದನ್ನು ದಾಟಿಹೋಯಿತು, ಅದಕ್ಕೇ ಕೈ ನಿಲ್ಲಲು ಸಾಧ್ಯವಾಯಿತು. ಕೋಪದಲ್ಲೋ ಜಯದಲ್ಲೋ ನೆಟ್ಟ ಮನಸ್ಸಿಗೆ ಆ ಕೈಯನ್ನು ತಡೆಯುವ ಸ್ವಾತಂತ್ರ್ಯವೇ ಇರುತ್ತಿರಲಿಲ್ಲ. ಕಥೆಯ ಮುಂದಿನ ಭಾಗ ಇನ್ನೂ ತೀಕ್ಷ್ಣ. ವರ್ಷವಿಡೀ ಬಳ್ಳಿ ಹಬ್ಬುವಂತೆ ಕದಲದೆ ನಿಂತರೂ ಬಾಹುಬಲಿಗೆ ಕೇವಲಜ್ಞಾನವಾಗಲಿಲ್ಲ. ತಾನು ನಿಂತ ನೆಲ ಭರತನದು ಎಂಬ ಒಂದು ಎಣಿಕೆ ಒಳಗೆ ಉಳಿದಿತ್ತು ಎಂದು ನಮ್ಮಲ್ಲಿ ಹೇಳುತ್ತ ಬಂದಿದ್ದಾರೆ. ಭರತ ಬಂದು ವಂದಿಸಿದ ಮೇಲೆ ಅದು ಕಳಚಿತು. ಮೈ ಅಚಲವಾಗಿದ್ದರೂ ಮನಸ್ಸು ಒಂದೆಡೆ ತಂಗಿರಬಹುದೆಂದು, ಅದನ್ನು ಬಿಡಿಸಲು ಕೆಲವೊಮ್ಮೆ ಎದುರಿಗಿದ್ದವನೇ ಬಂದು ಬಾಗಬೇಕಾಗುತ್ತದೆಂದು ಜೈನರು ಕಂಡುಕೊಂಡದ್ದು ತಕುವಾನನಿಗಿಂತ ಬಹಳ ಮುಂಚೆ.