ಶೋಕದ ವೇಷವೂ ಗೊಂಬೆಯ ಮುಖವೂ

ವೇಷವು ಮನಸ್ಸಿನ ಕನ್ನಡಿಯೆಂದು ಲೋಕದಲ್ಲಿ ಹೇಳುವುದುಂಟು. ಹಾಗಾದರೆ ಶೋಕವಿಲ್ಲದವನು ಶೋಕದ ವೇಷವನ್ನು ಧರಿಸಿದರೆ ಅದು ಅಸತ್ಯವಾಗುವುದೇ? ಇಂದಿನ ಒಂದು ಅಲಂಕಾರಪದ್ಧತಿಯು ಈ ಪ್ರಶ್ನೆಯನ್ನು ವಿಚಾರವಂತರ ಮುಂದೆ ತಂದಿರಿಸಿದೆ.

ಇಂಗ್ಲೆಂಡಿನಲ್ಲಿ ‘ಗಾತ್’ ಎಂದು ಕರೆಯಲ್ಪಡುವ ಒಂದು ಪಂಥವುಂಟು. ವಿಕ್ಟೋರಿಯಾ ರಾಣಿಯವರು 1861ರಲ್ಲಿ ಪತಿಯನ್ನು ಕಳೆದುಕೊಂಡ ಮೇಲೆ 1901ರಲ್ಲಿ ತಾವು ತೀರಿಕೊಳ್ಳುವವರೆಗೂ ಕರಿಯ ಉಡುಪನ್ನೇ ಧರಿಸಿದರು. ಆ ಕಾಲದ ಶೋಕವಸ್ತ್ರಗಳ ಕರಿಯ ಜಾಲರಿಯನ್ನೂ ಮಣಿಗಳನ್ನೂ ಈ ಪಂಥದವರು ಅಲಂಕಾರಕ್ಕಾಗಿ ತೆಗೆದುಕೊಂಡರು. 1982ರಲ್ಲಿ ಲಂಡನ್ನಿನಲ್ಲಿ ಆರಂಭವಾದ ‘ಬ್ಯಾಟ್‌ಕೇವ್’ ಎಂಬ ಸಂಗೀತಕೂಟದಲ್ಲಿ ಈ ವೇಷಕ್ಕೆ ಆಶ್ರಯ ದೊರೆಯಿತು. ಮುಂದೆ ಜಪಾನಿನಲ್ಲಿ ಇದೇ ಕರಿಯ ಬಣ್ಣವು ನಿರಿಗೆಯ ಲಂಗದೊಡನೆ ಸೇರಿ, ಮನುಷ್ಯರೇ ಗೊಂಬೆಗಳಂತೆ ಉಡುವ ಪದ್ಧತಿಯಾಯಿತು.

ಗೊಂಬೆಗಳಿಗೂ ಈ ಅಲಂಕಾರವು ತಪ್ಪಲಿಲ್ಲ. ಅಮೆರಿಕದ ಮ್ಯಾಟೆಲ್ ಸಂಸ್ಥೆಯವರು 2010ರಲ್ಲಿ ‘ಮಾನ್‌ಸ್ಟರ್ ಹೈ’ ಎಂಬ ಹೆಸರಿನಿಂದ, ಡ್ರಾಕುಲಾ ಮೊದಲಾದ ಕಥಾಪಿಶಾಚಗಳ ಮಕ್ಕಳೆನಿಸಿದ ಗೊಂಬೆಗಳನ್ನು ಹೊರತಂದರು. ಇವುಗಳನ್ನು ಕೊಂಡ ವಯಸ್ಕರಲ್ಲಿ ಕೆಲವರು ಕಾರ್ಖಾನೆಯಲ್ಲಿ ಬರೆದ ಮುಖವನ್ನು ಅಸಿಟೋನ್ ದ್ರವದಿಂದ ಒರೆಸಿಹಾಕಿ, ಬಣ್ಣದ ಪೆನ್ಸಿಲುಗಳಿಂದ ಬೇರೊಂದು ಮುಖವನ್ನು ಬರೆಯುತ್ತಾರೆ. ಕೂದಲನ್ನು ಕಿತ್ತು ಹೊಸದನ್ನು ಸೂಜಿಯಿಂದ ನೆಡುತ್ತಾರೆ. ಹಲವು ವೇಳೆ ಆ ಹೊಸ ಮುಖದಲ್ಲಿ ನಗೆಯಿರುವುದಿಲ್ಲ. ಬಾಡಿದ ಕಣ್ಣೂ ಕಣ್ಣೀರಿನ ಗೆರೆಯೂ ಇರುತ್ತವೆ.

ಇದಕ್ಕೆ ಪೂರ್ವಪಕ್ಷವು ಬಲವಾಗಿಯೇ ಇದೆ. ಮೃತ್ಯುವು ಆಟದ ವಸ್ತುವಲ್ಲ. ಮನೆಯಲ್ಲಿ ಸಾವನ್ನು ಕಂಡವನಿಗೆ ಈ ವೇಷವು ಅಪಹಾಸ್ಯವಾಗಿ ತೋರದೇ? ನಗುವ ಗೊಂಬೆಯನ್ನು ಅಳಿಸುವುದು ಎಂತಹ ರುಚಿ? ಹೀಗೆ ಕೇಳುವವರನ್ನು ಅರಸಿಕರೆಂದು ತಳ್ಳಿಹಾಕಲಾಗದು.

ಆದರೆ ಭರತಮುನಿಯು ನಾಟ್ಯಶಾಸ್ತ್ರದಲ್ಲಿ ಎಣಿಸಿದ ಎಂಟು ರಸಗಳಲ್ಲಿ ಕರುಣ, ಭಯಾನಕ, ಬೀಭತ್ಸಗಳಿಗೂ ಸ್ಥಾನವುಂಟು. ಆತನು ಶೃಂಗಾರಕ್ಕೆ ಶ್ಯಾಮವರ್ಣವನ್ನೂ ಭಯಾನಕಕ್ಕೆ ಕೃಷ್ಣವರ್ಣವನ್ನೂ ಹೇಳಿದ್ದಾನೆ. ಅವೆರಡೂ ಎಷ್ಟು ಸಮೀಪದ ಬಣ್ಣಗಳೆಂಬುದನ್ನು ವಾಚಕರು ಗಮನಿಸಬೇಕು. ರಂಗದ ಮೇಲೆ ಅಳುವ ನಟನನ್ನು ಯಾರೂ ಸುಳ್ಳುಗಾರನೆನ್ನುವುದಿಲ್ಲ. ವಂಚಿಸುವ ಸಂಕಲ್ಪವಿದ್ದಲ್ಲಿ ಮಾತ್ರ ಅಸತ್ಯವುಂಟು. ಕರಿಯ ಜಾಲರಿಯನ್ನುಟ್ಟು ಬೀದಿಯಲ್ಲಿ ನಡೆಯುವವಳು ತನ್ನ ಮನೆಯಲ್ಲಿ ಸಾವಾಗಿದೆಯೆಂದು ಯಾರನ್ನೂ ನಂಬಿಸಹೊರಟವಳಲ್ಲ.

ಬೀದಿಗೂ ರಂಗಕ್ಕೂ ಭೇದವಿದೆಯೆಂಬುದು ನಿಜ. ರಂಗದಲ್ಲಿ ಸಹೃದಯರು ಇರುತ್ತಾರೆ. ಬೀದಿಯಲ್ಲಿ ಎಲ್ಲರೂ ಹಾಗಿರುವುದಿಲ್ಲ. 2007ರ ಆಗಸ್ಟಿನಲ್ಲಿ ಲ್ಯಾಂಕಾಶೈರಿನ ಬೇಕಪ್ ಪಟ್ಟಣದ ಉದ್ಯಾನವೊಂದರಲ್ಲಿ ಹುಡುಗರ ಗುಂಪೊಂದು, ಈ ವೇಷದಲ್ಲಿದ್ದರೆಂಬ ಕಾರಣದಿಂದಲೇ, ಸೋಫೀ ಲ್ಯಾಂಕಾಸ್ಟರ್ ಎಂಬ 20 ವರ್ಷದ ಯುವತಿಯ ಗೆಳೆಯನ ಮೇಲೆ ಬಿದ್ದಿತು. ಪ್ರಜ್ಞೆ ತಪ್ಪಿದ ಅವನ ತಲೆಯನ್ನು ಮಡಿಲಲ್ಲಿಟ್ಟುಕೊಂಡು ರಕ್ಷಿಸಲೆತ್ನಿಸಿದ ಆಕೆಯನ್ನೂ ಅವರು ತುಳಿದರು. ಅದೇ ತಿಂಗಳು ಆಕೆ ತೀರಿಕೊಂಡಳು. 2013ರಿಂದ ಗ್ರೇಟರ್ ಮ್ಯಾಂಚೆಸ್ಟರಿನ ಪೊಲೀಸರು ಇಂತಹ ಪಂಥದವರ ಮೇಲಿನ ಹಲ್ಲೆಗಳನ್ನು ದ್ವೇಷಾಪರಾಧಗಳೆಂದು ದಾಖಲಿಸತೊಡಗಿದರು.

ಈ ವೃತ್ತಾಂತದಲ್ಲಿ ಮೃತ್ಯುವಿನ ವೇಷವನ್ನು ತೊಟ್ಟವಳ ಕೈಗಳು ಮಾಡಿದ ಕೆಲಸವಾವುದು, ಸಾಮಾನ್ಯ ವೇಷದವರ ಕಾಲುಗಳು ಮಾಡಿದ ಕೆಲಸವಾವುದು? ವೇಷದಿಂದ ಶೀಲವನ್ನು ಅಳೆಯುವ ಅಳತೆಗೋಲು ಇಲ್ಲಿ ಮುರಿಯುತ್ತದೆ.

ಆದುದರಿಂದ ಶೋಕದ ವೇಷವು ತಾನಾಗಿ ಪಾಪವೂ ಅಲ್ಲ, ಪುಣ್ಯವೂ ಅಲ್ಲ. ಅದು ನೋಡುವ ಕಣ್ಣನ್ನು ಮೃದುಗೊಳಿಸುತ್ತದೆಯೋ ಇಲ್ಲವೋ ಎಂಬುದೇ ಪರೀಕ್ಷೆ. ಗೊಂಬೆಯ ರೆಪ್ಪೆಯೊಂದನ್ನು ಗಂಟೆಗಟ್ಟಲೆ ಬರೆಯುವವರು, ಪಕ್ಕದ ಕೋಣೆಯಲ್ಲಿ ಅಳುತ್ತಿರುವ ತಾಯಿಯ ಮುಖವನ್ನು ನೋಡದಿದ್ದರೆ ಅದು ಮೋಹ. ಆ ಅಭ್ಯಾಸದಿಂದಲೇ ಜೀವಂತ ಮುಖದ ದುಃಖವನ್ನು ಬೇಗನೆ ಗುರುತಿಸಬಲ್ಲವರಾದರೆ, ಅವರು ಒರೆಸಿದ ಕಾರ್ಖಾನೆಯ ನಗೆಗಾಗಿ ನಾವು ಮರುಗಬೇಕಾಗಿಲ್ಲ.