ಇಂದಿನ ಧಮ್ಮ ಚಿಂತನೆ: ಕೋಲು ಯಾರ ಕೈಯಲ್ಲಿದೆ?





ದಢೇಸುಗೂರಿನ ನಮ್ಮ ಬಳಗದಲ್ಲಿ ಈ ವಾರ ಎದ್ದ ಒಂದು ಪ್ರಶ್ನೆಯನ್ನೇ ಇಂದಿನ ಚಿಂತನೆಗೆ ತೆಗೆದುಕೊಂಡಿದ್ದೇನೆ. ಚೀನಾದ ಡ್ರ್ಯಾಗನ್ ಕುಣಿತದ ವಿಡಿಯೋ ನೋಡಿದ ಒಬ್ಬ ತರುಣ ಕೇಳಿದ: "ಅವರೂ ಬೌದ್ಧರೇ. ಅವರು ಡೋಲು ಬಾರಿಸಿ ಕುಣಿಯಬಹುದಾದರೆ, ಬುದ್ಧ ಪೂರ್ಣಿಮೆಯ ಮೆರವಣಿಗೆಯಲ್ಲಿ ನಾವು ಹಲಗಿ ಬಾರಿಸಿದರೆ ತಪ್ಪೇನು?" ಹಿರಿಯರೊಬ್ಬರು ಒಂದೇ ಮಾತಿನಲ್ಲಿ ಉತ್ತರ ಕೊಟ್ಟರು: "ನಾವು ಹಲಗಿ ಇಳಿಸಿದ್ದು ಮತ್ತೆ ಹೆಗಲಿಗೆ ಹಾಕಿಕೊಳ್ಳಲಿಕ್ಕಲ್ಲ."

ಇಬ್ಬರ ಮಾತಿನಲ್ಲೂ ಸತ್ಯವಿದೆ. ಆದ್ದರಿಂದ ಯಾರು ಗೆದ್ದರು ಎಂದು ನೋಡುವುದು ಬೇಡ. ನಿಧಾನವಾಗಿ ಬಿಡಿಸಿ ನೋಡೋಣ.

*ಮೊದಲು, ಡ್ರ್ಯಾಗನ್ ಕುಣಿತ ಎಂದರೇನು?*

ಬಿದಿರಿನ ಬಳೆಗಳಿಗೆ ಬಟ್ಟೆ ಹೊದಿಸಿ ಮಾಡಿದ ಉದ್ದನೆಯ ದೇಹ. ಅದನ್ನು ಕೋಲುಗಳ ಮೇಲೆ ಎತ್ತಿ ಹಿಡಿಯುತ್ತಾರೆ. ದೇಹದ ಭಾಗಗಳು ಸಾಮಾನ್ಯವಾಗಿ ಬೆಸ ಸಂಖ್ಯೆಯಲ್ಲಿರುತ್ತವೆ, ಒಂಬತ್ತು ಭಾಗಗಳದ್ದು ಹೆಚ್ಚು ಬಳಕೆಯಲ್ಲಿದೆ. ಮುಂದೆ ಒಬ್ಬರು ಮುತ್ತಿನ ಆಕಾರದ ಗೋಳವನ್ನು ಹಿಡಿದು ಓಡುತ್ತಾರೆ, ಡ್ರ್ಯಾಗನ್ ಅದನ್ನು ಬೆನ್ನಟ್ಟುತ್ತದೆ. ಆ ಮುತ್ತು ಜ್ಞಾನದ ಸಂಕೇತ ಎಂದು ಅನೇಕರು ಹೇಳುತ್ತಾರೆ. ಹೊಸವರ್ಷಕ್ಕೂ, ಆಮೇಲೆ ಮೊದಲ ತಿಂಗಳ 15ನೇ ದಿನ ಬರುವ ದೀಪಗಳ ಹಬ್ಬಕ್ಕೂ ಇದು ಬೀದಿಗೆ ಬರುತ್ತದೆ. ಹೊಸ ಡ್ರ್ಯಾಗನ್ನನ್ನು ಕುಣಿಸುವ ಮೊದಲು ಅದರ ಕಣ್ಣಿಗೆ ಬಣ್ಣದ ಚುಕ್ಕೆ ಇಟ್ಟು "ಎಬ್ಬಿಸುವ" ಶಾಸ್ತ್ರವೂ ಇದೆ.

ಇದರ ಬೇರು ಬೌದ್ಧ ಧಮ್ಮದಲ್ಲಿಲ್ಲ. ಧಮ್ಮ ಚೀನಾ ತಲುಪಿದ್ದು ಸುಮಾರು ಕ್ರಿ.ಶ. 1ನೇ ಶತಮಾನದಲ್ಲಿ. ಡ್ರ್ಯಾಗನ್ ಅದಕ್ಕಿಂತ ಬಹಳ ಹಳೆಯದು. ಹಾನ್ ಅರಸರ ಕಾಲದ ವಿದ್ವಾಂಸ ದೊಂಗ್ ಝೋಂಗ್‌ಶು ಹೆಸರಿನಲ್ಲಿ ಉಳಿದಿರುವ ಗ್ರಂಥದಲ್ಲಿ, ಬರಗಾಲ ಬಂದಾಗ ಮಣ್ಣಿನ ಡ್ರ್ಯಾಗನ್ ಮಾಡಿ, ಋತುವಿಗೆ ತಕ್ಕ ಬಣ್ಣ ಕೊಟ್ಟು, ಕುಣಿದು ಮಳೆ ಬೇಡುವ ವಿಧಿ ಇದೆ. ಅಂದರೆ ಇದು ರೈತಾಪಿ ಜನರ ಮಳೆಯ ಆಚರಣೆ. "ಚೀನಾದವರು ಬೌದ್ಧರು, ಆದ್ದರಿಂದ ಇದು ಬೌದ್ಧ ಕುಣಿತ" ಎನ್ನುವ ವಾದ ನಿಲ್ಲುವುದಿಲ್ಲ.

*ನಾಗ ಮತ್ತು ಡ್ರ್ಯಾಗನ್*

ಆದರೂ ಒಂದು ನಂಟು ಇದೆ. ನಮ್ಮ ಸೂತ್ರಗಳನ್ನು ಚೀನೀ ಭಾಷೆಗೆ ತಂದ ಭಿಕ್ಖುಗಳು "ನಾಗ" ಎಂಬ ಪದಕ್ಕೆ ಬಳಸಿದ್ದು "ಲೊಂಗ್" ಎಂಬ ಪದವನ್ನು. ಅದೇ ಡ್ರ್ಯಾಗನ್. ನಾಗರಾಜ ಅಲ್ಲಿ ಲೊಂಗ್‌ವಾಂಗ್ ಆದ. ಆಚಾರ್ಯ ನಾಗಾರ್ಜುನರ ಹೆಸರು ಅಲ್ಲಿ ಲೊಂಗ್‌ಶು, ಅಂದರೆ "ಡ್ರ್ಯಾಗನ್ ಮರ". ಮಳೆಗಾಳಿಯಲ್ಲಿ ಭಗವಾನ್ ಬುದ್ಧರಿಗೆ ಹೆಡೆ ಬಿಚ್ಚಿ ನೆರಳಾದ ಮುಚಲಿಂದನೂ ಚೀನೀ ಓದುಗನ ಕಣ್ಣಿಗೆ ಡ್ರ್ಯಾಗನ್ನೇ.

ಇಲ್ಲಿ ನಮ್ಮಲ್ಲಿ ಅನೇಕರಿಗೆ ಎದೆ ಉಬ್ಬುತ್ತದೆ. ಬಾಬಾಸಾಹೇಬರು 1956ರ ಅಕ್ಟೋಬರ್ 15ರಂದು ನಾಗಪುರದಲ್ಲಿ ಮಾತನಾಡುತ್ತಾ, ಭಾರತದಲ್ಲಿ ಬುದ್ಧ ಧಮ್ಮವನ್ನು ಹರಡಿದವರು ನಾಗರು ಎಂದು ನೆನಪಿಸಿದರು. ದೀಕ್ಷೆಗೆ ಆ ಊರನ್ನು ಆರಿಸಿದ್ದಕ್ಕೆ ಅದೇ ಕಾರಣ ಎಂದರು. ಹಾಗಾದರೆ ಡ್ರ್ಯಾಗನ್ ನಮ್ಮದೇ ಅಲ್ಲವೇ?

ಬಂಧುಗಳೇ, ಅಷ್ಟು ಅವಸರ ಬೇಡ. ಬಾಬಾಸಾಹೇಬರು ಹೇಳಿದ್ದು ನಾಗ ಜನರ ಬಗ್ಗೆ, ಹಾವಿನ ಬಗ್ಗೆ ಅಲ್ಲ. ಒಂದು ಅನುವಾದದ ಪದದಿಂದ ವಂಶಾವಳಿ ಕಟ್ಟುವುದು ಪುರಾಣಿಕರ ಕೆಲಸ. ಪುರಾಣ ಬಿಟ್ಟು ಬಂದ ನಾವು ಹೊಸ ಪುರಾಣ ಕಟ್ಟಬಾರದು. ಒಂದು ಆಚರಣೆ "ನಮ್ಮದು" ಎಂದ ಮಾತ್ರಕ್ಕೆ ಒಳ್ಳೆಯದಾಗುವುದಿಲ್ಲ, "ಬೇರೆಯವರದು" ಎಂದ ಮಾತ್ರಕ್ಕೆ ಕೆಟ್ಟದ್ದೂ ಆಗುವುದಿಲ್ಲ. ಅಳತೆಗೋಲು ಬೇರೆ ಬೇಕು.

*ಕುಣಿದರೆ ಮಳೆ ಬರುತ್ತದೆಯೇ?*

ನಮ್ಮ ಸೀಮೆಯಲ್ಲೂ ಡ್ರ್ಯಾಗನ್ನಿನ ಬಂಧುಗಳಿದ್ದಾರೆ. ಮಳೆ ತಡವಾದರೆ ಹಂಚಿನ ಮೇಲೆ ಗುರ್ಜಿ ಹೊತ್ತು ಮನೆಮನೆಗೆ ಹೋಗುತ್ತಿದ್ದರು, ಮನೆಯವರು ನೀರು ಸುರಿಯುತ್ತಿದ್ದರು. ಭಾದ್ರಪದದಲ್ಲಿ ಜೋಕುಮಾರನನ್ನು ಬುಟ್ಟಿಯಲ್ಲಿ ಹೊತ್ತು ತರುವ ಹೆಣ್ಣುಮಕ್ಕಳು ಇಂದಿಗೂ ಇದ್ದಾರೆ. ಬೇಡುವುದು ಅದನ್ನೇ: ಮಳೆ, ಬೆಳೆ.

ಆದರೆ ಕಾರಣವಿಲ್ಲದೆ ಕಾರ್ಯವಿಲ್ಲ ಎಂಬುದು ನಮಗೆ ಗೊತ್ತು. ತುಂಗಭದ್ರೆಯ ಎಡದಂಡೆ ಕಾಲುವೆಯ ನೀರಿನಲ್ಲಿ ಭತ್ತ ಬೆಳೆಯುವ ಸಿಂಧನೂರು ಸೀಮೆಗೆ ಇದನ್ನು ಬೇರೆ ಯಾರೂ ಕಲಿಸಬೇಕಿಲ್ಲ. 2024ರ ಆಗಸ್ಟ್ 10ರ ರಾತ್ರಿ ತುಂಗಭದ್ರಾ ಜಲಾಶಯದ 19ನೇ ಗೇಟಿನ ಚೈನ್ ತುಂಡಾಗಿ ಗೇಟು ಕೊಚ್ಚಿಹೋಯಿತು. ಕೂಡಿಟ್ಟ ನೀರು ಕಣ್ಣೆದುರೇ ನದಿಗೆ ಹರಿಯಿತು. ಅದನ್ನು ತಡೆದದ್ದು ಯಾವ ಹರಕೆಯೂ ಅಲ್ಲ. ಹರಿಯುವ ನೀರಿನಲ್ಲೇ ಸ್ಟಾಪ್‌ಲಾಗ್ ಇಳಿಸಿದ ಎಂಜಿನಿಯರುಗಳು ಮತ್ತು ಕಾರ್ಮಿಕರು, ಅದೂ ಸುಮಾರು ಒಂದು ವಾರದೊಳಗೆ.

ಹಾಗಾದರೆ ಕುಣಿತವೆಲ್ಲ ಮೌಢ್ಯ, ಬಿಸಾಡೋಣ ಎನ್ನಬಹುದೇ? ನನಗೆ ಹಾಗನಿಸುವುದಿಲ್ಲ. ಮಳೆ ತರುತ್ತದೆ ಎಂಬ ನಂಬಿಕೆಯನ್ನು ತೆಗೆದುಹಾಕಿದ ಮೇಲೂ ಕುಣಿತದಲ್ಲಿ ಏನೋ ಉಳಿಯುತ್ತದೆ. ಇಂದು ಡ್ರ್ಯಾಗನ್ ಕುಣಿಸುವ ಎಷ್ಟೋ ಜನರಿಗೆ ಆ ನಂಬಿಕೆ ಇಲ್ಲ. ಅವರು ಒಟ್ಟಿಗೆ ಸೇರಲು, ದಣಿಯಲು, ನಗಲು ಕುಣಿಯುತ್ತಾರೆ. ಉಪಾಸಕರ ಪಂಚಶೀಲದಲ್ಲಿ ಕುಣಿತಕ್ಕೆ ನಿಷೇಧವಿಲ್ಲ. ನೃತ್ಯ, ಗೀತ, ವಾದ್ಯಗಳಿಂದ ದೂರವಿರುವ ಶೀಲ ಭಿಕ್ಖುಗಳಿಗೆ ಮತ್ತು ಉಪೋಸಥದ ದಿನ ಅಷ್ಟಶೀಲ ತೆಗೆದುಕೊಂಡವರಿಗೆ ಮಾತ್ರ. 22 ಪ್ರತಿಜ್ಞೆಗಳಲ್ಲೂ ಕುಣಿಯಬಾರದು ಎಂಬುದಿಲ್ಲ.

*ನಿಜವಾದ ಪ್ರಶ್ನೆ*

ಈಗ ಆ ವಿಡಿಯೋವನ್ನು ಇನ್ನೊಮ್ಮೆ ನೋಡಿ. ಡ್ರ್ಯಾಗನ್ನಿನ ಮುಖ ನೋಡಬೇಡಿ, ಕೆಳಗೆ ಕೋಲು ಹಿಡಿದವರ ಕಾಲು ನೋಡಿ. ತಲೆ ಹಿಡಿದವನು ಬೇರೆ, ಬಾಲ ಹಿಡಿದವನು ಬೇರೆ, ಆದರೆ ಒಬ್ಬನ ಹೆಜ್ಜೆ ತಪ್ಪಿದರೆ ಇಡೀ ದೇಹ ಮುರಿದಂತೆ ಕಾಣುತ್ತದೆ. ತಲೆ ಭಾರ, ಅದಕ್ಕೆ ತೋಳಿನ ಬಲ ಬೇಕು. ಬಾಲ ಹೆಚ್ಚು ಸುತ್ತುತ್ತದೆ, ಅದಕ್ಕೆ ಓಡುವ ಕಾಲು ಬೇಕು. ಯಾರು ಎಲ್ಲಿ ನಿಲ್ಲಬೇಕೆಂಬುದು ಬಲ ಮತ್ತು ಅಭ್ಯಾಸದ ಮೇಲೆ ನಿಂತಿದೆ. ಬಾಲ ಹಿಡಿದವನ ಮಗ ಬಾಲವನ್ನೇ ಹಿಡಿಯಬೇಕೆಂಬ ನಿಯಮವಿಲ್ಲ.

ಚೀನಾ ಸ್ವರ್ಗ ಎಂದು ನಾನು ಹೇಳುತ್ತಿಲ್ಲ. ಅಲ್ಲೂ ಬಹುಕಾಲ ಹೆಂಗಸರನ್ನು ಈ ಕುಣಿತದಿಂದ ದೂರ ಇಟ್ಟಿದ್ದರು. ಮಹಿಳೆಯರ ತಂಡಗಳು ಬಂದದ್ದು ಈಚೆಗೆ. ಸಾಂಸ್ಕೃತಿಕ ಕ್ರಾಂತಿಯ ವರ್ಷಗಳಲ್ಲಿ "ಹಳೆಯದು" ಎಂಬ ಒಂದೇ ಕಾರಣಕ್ಕೆ ಇಂಥವನ್ನು ತುಳಿದದ್ದೂ ಉಂಟು. ಆದರೆ ಕೋಲಿನ ವಿಷಯದಲ್ಲಿ ಆ ಕುಣಿತದಿಂದ ಒಂದು ಪಾಠ ಸಿಗುತ್ತದೆ.

ನಮ್ಮ ಹಲಗಿಯ ಕಥೆ ಹಾಗಿರಲಿಲ್ಲ. ಜಾತ್ರೆಗೂ ಹಲಗಿ ಬೇಕು, ಹೆಣಕ್ಕೂ ಹಲಗಿ ಬೇಕು, ಡಂಗುರಕ್ಕೂ ಹಲಗಿ ಬೇಕು. ಆದರೆ ಬಾರಿಸುವ ಕೈ ಯಾರದೆಂದು ಹುಟ್ಟಿದಾಗಲೇ ತೀರ್ಮಾನ. ತೇರಿನ ಮುಂದೆ ಬಾರಿಸಿದವನು ಗುಡಿಯ ಹೊಸ್ತಿಲು ದಾಟುವಂತಿಲ್ಲ. ನನ್ನ ಅಜ್ಜನ ಕಾಲದ ಹಲಗಿ ಚರ್ಮದ್ದು, ಸತ್ತ ದನವನ್ನು ಎಳೆದು ಸುಲಿದವರದೂ ಅದೇ ಮನೆ. 1927ರ ಮಾರ್ಚಿನಲ್ಲಿ ಮಹಾಡ್‌ನಲ್ಲಿ ಬಾಬಾಸಾಹೇಬರು ಸತ್ತ ದನದ ಮಾಂಸ ಬಿಡಿ, ಕೀಳೆಂದು ಹೊರಿಸಿದ್ದನ್ನು ಕೆಳಗಿಳಿಸಿ ಎಂದು ಕರೆ ಕೊಟ್ಟಾಗ, ಆ ಮಾತು ಹಳ್ಳಿಹಳ್ಳಿಗೆ ನಿಧಾನವಾಗಿ ಬಂತು. ಹಲಗಿ ಇಳಿಸಿದವರು ಕಾಳು ಕಳೆದುಕೊಂಡರು, ಕೂಲಿ ಕಳೆದುಕೊಂಡರು, ಬೈಗುಳ ತಿಂದರು. ಆದ್ದರಿಂದ ಆ ಹಿರಿಯರು "ಬೇಡ" ಎನ್ನುವಾಗ ಅವರು ಕಲೆಯನ್ನು ದ್ವೇಷಿಸುತ್ತಿಲ್ಲ. ಅವರ ಕಿವಿಯಲ್ಲಿ ಹಲಗಿಯ ಸದ್ದಿನ ಹಿಂದೆ ಒಂದು ಹುಕುಂ ಕೇಳಿಸುತ್ತದೆ.

ತರುಣನ ಮಾತಿಗೂ ತೂಕವಿದೆ. ಹಲಗಿಯ ತಾಳವನ್ನು ಕಂಡುಹಿಡಿದದ್ದು ಹುಕುಂ ಮಾಡಿದವರಲ್ಲ. ಕಟ್ಟಿದ್ದು, ಕಾಯಿಸಿದ್ದು, ಬೆರಳಿನಲ್ಲಿ ಮಾತಾಡಿಸಿದ್ದು ನಮ್ಮವರು. ಅವಮಾನ ಅವರು ಕೊಟ್ಟದ್ದು, ವಿದ್ಯೆ ನಮ್ಮದು. ಅವಮಾನ ಬಿಡುವಾಗ ವಿದ್ಯೆಯನ್ನೂ ಬಿಡಬೇಕೇ?

*ಅಶೋಕನ ಅಳತೆಗೋಲು*

ನಮ್ಮ ಪಕ್ಕದ ಮಸ್ಕಿಯನ್ನು ನೆನೆಯೋಣ. 1915ರಲ್ಲಿ ಚಿನ್ನದ ಗಣಿಯ ಎಂಜಿನಿಯರ್ ಬೀಡನ್ ಅಲ್ಲಿ ಕಂಡ ಶಾಸನದಿಂದಲೇ "ದೇವಾನಾಂಪಿಯ" ಎಂಬ ಅರಸ ಅಶೋಕನೇ ಎಂದು ಖಚಿತವಾಯಿತು. ಅದರಲ್ಲಿ ಇನ್ನೊಂದು ಮಾತಿದೆ: ಈ ಗುರಿ ದೊಡ್ಡವರಿಗೆ ಮಾತ್ರ ಎಂದು ತಿಳಿಯಬೇಡಿ, ಧಮ್ಮದಲ್ಲಿ ತೊಡಗಿದ ಸಣ್ಣವನೂ ಅದನ್ನು ಮುಟ್ಟಬಲ್ಲ ಎಂಬ ಅರ್ಥದ್ದು.

ಆಂಧ್ರದ ಕರ್ನೂಲು ಜಿಲ್ಲೆಯ ಎರ್ರಗುಡಿಯಲ್ಲಿ ಅಶೋಕನ ದೊಡ್ಡ ಬಂಡೆಶಾಸನಗಳಿವೆ. ನಾಲ್ಕನೆಯದರಲ್ಲಿ ಭೇರಿಯ ಘೋಷ ಧಮ್ಮದ ಘೋಷವಾಯಿತು ಎನ್ನುತ್ತಾನೆ. ಒಂಬತ್ತನೆಯದರಲ್ಲಿ, ಕಾಯಿಲೆಗೆ, ಮದುವೆಗೆ, ಪ್ರಯಾಣಕ್ಕೆ ಜನ ಮಾಡುವ ಆಚರಣೆಗಳಿಂದ ಫಲ ಕಡಿಮೆ, ಆಳುಕಾಳುಗಳನ್ನು ಸರಿಯಾಗಿ ನಡೆಸಿಕೊಳ್ಳುವುದೇ ಧಮ್ಮದ ಆಚರಣೆ ಎನ್ನುತ್ತಾನೆ. ಭೇರಿಯನ್ನು ಒಡೆದುಹಾಕಿ ಎಂದು ಆತ ಹೇಳಲಿಲ್ಲ. ಅದು ಏನನ್ನು ಸಾರಬೇಕು ಎಂಬುದನ್ನು ಬದಲಿಸಿದ.

ಇದರಿಂದ ನನಗೆ ಮೂರು ಪ್ರಶ್ನೆ ಹೊಳೆಯುತ್ತವೆ. ಯಾವ ಆಚರಣೆಗಾದರೂ ಕೇಳಬಹುದು.

1. ಇದು ಸುಳ್ಳು ಫಲದ ಆಸೆ ಹುಟ್ಟಿಸುತ್ತದೆಯೇ?
2. ಬಾರಿಸುವವನಿಗೆ "ಇಲ್ಲ" ಎನ್ನುವ ಹಕ್ಕು ಇದೆಯೇ?
3. ಕೋಲು ಎಲ್ಲರ ಕೈಗೂ ಬರುತ್ತದೆಯೇ, ಅಥವಾ ಒಂದೇ ಕೇರಿಯ ಕೈಯಲ್ಲಿ ನಿಲ್ಲುತ್ತದೆಯೇ?

ಮೊದಲನೆಯದರಲ್ಲಿ ಪೂರ್ಣಿಮೆಯ ಹಲಗಿ ಪಾಸಾಗುತ್ತದೆ. ಅಲ್ಲಿ ನಾವು ಮಳೆ ಬೇಡುತ್ತಿಲ್ಲ, ವರವನ್ನೂ ಬೇಡುತ್ತಿಲ್ಲ.

ಎರಡನೆಯದು ಕಠಿಣ. ಮುಂದಿನ ತಿಂಗಳು ಊರ ಜಾತ್ರೆಗೆ ಬಂದು ಬಾರಿಸು ಎಂದು ಕರೆ ಬಂದಾಗ, ಹೆದರದೆ "ಆಗಲ್ಲ" ಎನ್ನಬಲ್ಲ ತರುಣನ ಹಲಗಿ ಮಾತ್ರ ಕಲೆ. ಅಲ್ಲಿ ಬಾಯಿ ಕಟ್ಟಿದರೆ, ಜಯಂತಿಯ ದಿನ ಎಷ್ಟು ಜೋರಾಗಿ ಬಾರಿಸಿದರೂ ಅದು ಹಳೆಯ ಹಲಗಿಯೇ. ನಾನು ತರುಣರಿಗೆ ಕೇಳುವುದು ಇಷ್ಟೇ: ತಾಳ ಕಲಿಯುವ ಮೊದಲು ಆ ಒಂದು ಶಬ್ದವನ್ನು ಕಲಿಯಿರಿ.

ಮೂರನೆಯದರಲ್ಲಿ ನಾವು ಸೋಲುವ ಅಪಾಯ ಹೆಚ್ಚು. ನಮ್ಮ ಮೆರವಣಿಗೆಯಲ್ಲೂ ಹಲಗಿ ನಮ್ಮ ಗಂಡುಹುಡುಗರ ಹೆಗಲಲ್ಲೇ ಉಳಿದು, ಮಿಕ್ಕವರೆಲ್ಲ ನಿಂತು ಫೋಟೋ ತೆಗೆದರೆ ಹುಟ್ಟಿನ ಗೆರೆ ಅಳಿಸಿಲ್ಲ ಎಂದೇ ಅರ್ಥ. ಅದು ನಮ್ಮ ಹೆಣ್ಣುಮಕ್ಕಳ ಕೈಗೂ ಬರಲಿ. ಸಂವಿಧಾನದ ಮೇಲೆ ಪ್ರೀತಿ ಇರುವ ಬೇರೆ ಕೇರಿಯ ಗೆಳೆಯರು ಬಂದರೆ, ಅವರ ಕೈಗೂ ಕೊಟ್ಟು ಒಂದು ಸುತ್ತು ಬಾರಿಸಲು ಹೇಳೋಣ. ಡ್ರ್ಯಾಗನ್ನಿನ ಕೋಲಿನಂತೆ ಅದು ಕೈ ಬದಲಿಸಬೇಕು.

*ಹಿರಿಯರ ಮಾತು*

ಇಷ್ಟಾದರೂ ಹಿರಿಯರ ನೋವು ಉಳಿಯುತ್ತದೆ. ವಾದದಿಂದ ಅದು ಹೋಗುವುದಿಲ್ಲ. ಇದನ್ನು ಕೈ ಎತ್ತಿಸಿ ಬಹುಮತದಿಂದ ತೀರ್ಮಾನಿಸುವುದು ಕರುಣೆಯಲ್ಲ. ಹಲಗಿ ಇಳಿಸಿದವರು ನಮ್ಮ ನಡುವೆ ಇನ್ನೂ ಇದ್ದಾರೆ. ಅವರ ಮನೆಗೆ ಹೋಗಿ, ಏಕೆ ಇಳಿಸಿದಿರಿ, ಆ ದಿನ ಏನಾಯಿತು, ಮನೆಯಲ್ಲಿ ಏನು ಉಂಡಿರಿ ಎಂದು ಕೇಳಿ. ಅದನ್ನು ಕೇಳದೆ ಬಾರಿಸಿದ ಹಲಗಿಗೆ ತಾಳ ಇರಬಹುದು, ಕೃತಜ್ಞತೆ ಇರುವುದಿಲ್ಲ. ಕೇಳಿದ ಮೇಲೂ ಅವರು ಬೇಡ ಎಂದರೆ, ಅವರ ಮನೆಯ ಮುಂದೆ ಸದ್ದು ನಿಲ್ಲಿಸಿ ಮೌನವಾಗಿ ಸಾಗೋಣ. ಹಿರಿಯರಲ್ಲೂ ನನ್ನ ಒಂದು ವಿನಂತಿ: ನಿಮ್ಮ ಕೈ ಮುಟ್ಟಬಾರದು ಎಂಬುದು ನಿಮ್ಮ ಹಕ್ಕು. ಮೊಮ್ಮಗಳ ಕೈಗೆ ಹುಕುಂ ಬಂದಿಲ್ಲ. ಅವಳ ತಾಳವನ್ನು ಒಮ್ಮೆ ಬೇರೆ ಕಿವಿಯಿಂದ ಕೇಳಿ ನೋಡಿ.

*ಇಂದಿನ ಅಭ್ಯಾಸ:* ನಿಮ್ಮ ಮನೆಯಲ್ಲಿ ಯಾವ ಕೆಲಸದ ಕೋಲು ಯಾವಾಗಲೂ ಒಬ್ಬರ ಕೈಯಲ್ಲೇ ಇದೆ? ಪೊರಕೆಯೋ, ಒಲೆಯೋ, ಕೊಡವೋ? ಇವತ್ತು ಒಂದು ದಿನ ಅದನ್ನು ನೀವು ಹಿಡಿಯಿರಿ. ಭಾನುವಾರದ ವಂದನೆಯ ನಂತರ ಈ ವಿಷಯವನ್ನು ಮುಂದುವರಿಸೋಣ. ಹಿರಿಯರು ಮೊದಲು ಮಾತನಾಡಲಿ.

ಭವತು ಸಬ್ಬ ಮಂಗಲಂ 🌸
ನಮೋ ಬುದ್ಧಾಯ. ಜೈ ಭೀಮ್. ಜೈ ಸಂವಿಧಾನ.